ಒಬ್ಬರೇ ಇರುವ ಮನೆ, ನಡುರಾತ್ರಿಯ ದಿಗಿಲು: ಎಲ್ಲಿಂದ ಶುರು ಮಾಡೋದು?

ಪ್ರಶ್ನೆ: ಮನೆಯಿಂದಲೇ ಕೆಲಸ, ಮನೇಲಿ ಒಬ್ಬರೇ. ರಾತ್ರಿ ಮೂರರ ಹೊತ್ತಿಗೆ ಎಚ್ಚರ, ಎದೆ ಡವಡವ, ಪಕ್ಕದ ಕೋಣೆಯಲ್ಲಿ ಯಾರೋ ಇದ್ದ ಹಾಗೆ. ಎಷ್ಟೋ ದಿನ ಯಾರ ಜೊತೆಗೂ ಬಾಯಿಬಿಟ್ಟು ಮಾತೇ ಆಗಿರಲ್ಲ. ಏನು ಮಾಡಬಹುದು?

ಉತ್ತರ 1: ಮೊದಲು ಮನೆ ನೋಡಿ, ಮನಸ್ಸು ಆಮೇಲೆ. ಗ್ಯಾಸ್ ಗೀಸರ್, ಹೀಟರ್ ಸರಿಯಾಗಿ ಉರಿಯದಿದ್ದರೆ ಕಾರ್ಬನ್ ಮಾನಾಕ್ಸೈಡ್ ಅನ್ನೋ ವಿಷಾನಿಲ ತುಂಬಿಕೊಳ್ಳುತ್ತೆ. ಅದಕ್ಕೆ ಬಣ್ಣವೂ ಇಲ್ಲ, ವಾಸನೆಯೂ ಇಲ್ಲ. ತಲೆನೋವು, ವಾಕರಿಕೆ, ಗಲಿಬಿಲಿ ಇದ್ದು, ಹೊರಗೆ ಹೋದಾಗ ಕಡಿಮೆಯಾದರೆ ಅನುಮಾನ ಗಟ್ಟಿ. ಕಿಟಕಿ ತೆಗೆದು ಆಚೆ ಬನ್ನಿ. 1921ರಲ್ಲಿ ಕಣ್ಣಿನ ವೈದ್ಯ ವಿಲಿಯಂ ವಿಲ್ಮರ್ ಬರೆದ 'ದೆವ್ವದ ಮನೆ'ಯ ವರದಿಯಲ್ಲೂ ಕೊನೆಗೆ ಸಿಕ್ಕಿದ್ದು ಮನೆ ಬೆಚ್ಚಗಿಡುವ, ಕೆಟ್ಟುಹೋಗಿದ್ದ ಕುಲುಮೆ. ಮಲಗುವ ಕೋಣೆಯ ಹತ್ತಿರ ಈ ಅನಿಲಕ್ಕೆಂದೇ ಇರುವ ಅಲಾರಂ ಹಾಕಿ, ಹೊಗೆಯ ಅಲಾರಂ ಇದನ್ನ ಹಿಡಿಯಲ್ಲ.

ಉತ್ತರ 2: ಅದು ಸರಿ, ಆದರೆ ಬಹಳ ಜನರಿಗೆ ಕಾರಣ ಇಷ್ಟು ರೋಚಕ ಇರಲ್ಲ. ರಾತ್ರಿಯ ಎರಡನೇ ಅರ್ಧದಲ್ಲಿ ನಿದ್ದೆ ತೆಳು. ಸಂಜೆ 4ಕ್ಕೆ ಕುಡಿದ ಕಾಫಿಯ ಕೆಫೀನ್ ಸುಮಾರು ಅರ್ಧದಷ್ಟು 9ರ ಹೊತ್ತಿಗೂ ಮೈಯಲ್ಲೇ ಇರುತ್ತೆ. ಮದ್ಯ ಬೇಗ ಮಲಗಿಸುತ್ತೆ, ಇಳಿಯುವಾಗ ಎಬ್ಬಿಸುತ್ತೆ.

ಗಡಿಯಾರ ಗೋಡೆ ಕಡೆ ತಿರುಗಿಸಿ. ಅಂದಾಜು 20 ನಿಮಿಷ ನಿದ್ದೆ ಬರದಿದ್ದರೆ ಎದ್ದು ಮಂದ ಬೆಳಕಲ್ಲಿ ಬೇಸರದ ಕೆಲಸ ಏನಾದರೂ ಮಾಡಿ, ಬಟ್ಟೆ ಮಡಿಸೋದು ಆಗುತ್ತೆ, ಫೋನ್ ಬೇಡ. ತೂಕಡಿಕೆ ಬಂದ ಮೇಲೇ ಹಾಸಿಗೆ. ಬೆಳಗ್ಗೆ ಏಳುವ ಹೊತ್ತು ಮಾತ್ರ ಬದಲಾಯಿಸಬೇಡಿ. ಚಿಲಕ ಮಲಗುವ ಮುಂಚೆ ಒಂದೇ ಸಲ ನೋಡಿ. ನಡುರಾತ್ರಿ ಎದ್ದು ನೋಡಿದರೆ ಆ ಕ್ಷಣಕ್ಕೆ ಸಮಾಧಾನ. ಮಾರನೇ ರಾತ್ರಿ ಭಯ ಮತ್ತೆ ಅದನ್ನೇ ಕೇಳುತ್ತೆ.

ಉತ್ತರ 3: ಮಾತಿಲ್ಲದ ದಿನಗಳನ್ನ ಇಬ್ಬರೂ ಬಿಟ್ಟುಬಿಟ್ಟಿರಿ! ಒಂಟಿತನದಲ್ಲಿ ಮಿದುಳು ಅಪಾಯ ಹುಡುಕುತ್ತಲೇ ಇರುತ್ತೆ, ನಿದ್ದೆಯೂ ತುಂಡುತುಂಡಾಗುತ್ತೆ ಅನ್ನೋದು ಮನಶ್ಶಾಸ್ತ್ರಜ್ಞ ಜಾನ್ ಕ್ಯಾಸಿಯೊಪ್ಪೊ ಅವರ ಸಂಶೋಧನೆಯ ತಿರುಳು. ಮೆಸೇಜಿಗೆ ಉತ್ತರ ತಡವಾದರೂ ತಿರಸ್ಕಾರ ಅನಿಸೋದು ಇದರಿಂದಲೇ. ಟಿವಿ ಹಾಕಿಡೋದು ಸಹವಾಸ ಅಲ್ಲ. "ಯಾವಾಗಲಾದರೂ ಮಾತಾಡೋಣ" ಅಂತ ಕಳಿಸಬೇಡಿ, "ಮಂಗಳವಾರ ಏಳೂವರೆಗೆ ಹತ್ತು ನಿಮಿಷ" ಅನ್ನಿ. ದಿನಾ ಒಂದೇ ಹೊತ್ತಿಗೆ ಒಂದೇ ಕಡೆ ನಡೆಯೋಕೆ ಹೋಗಿ, ಮುಖಪರಿಚಯ ತಾನಾಗೇ ಆಗುತ್ತೆ.

ಎದೆ ಡವಡವ ಅನ್ನೋದು ವಾರಗಟ್ಟಲೆ ಮುಂದುವರಿದರೆ ವೈದ್ಯರ ಹತ್ತಿರ ಥೈರಾಯ್ಡ್ ಪರೀಕ್ಷೆ ಮಾಡಿಸಿ. ಗೊರಕೆ ಇದ್ದರೆ ಅದನ್ನೂ ಹೇಳಿ, ನಿದ್ದೆಯಲ್ಲಿ ಉಸಿರು ಕಟ್ಟಿದರೂ ಹೀಗಾಗುತ್ತೆ. ಬದುಕೇ ಬೇಡ ಅನ್ನಿಸಿದರೆ ಅವತ್ತೇ ಯಾರಿಗಾದರೂ ಹೇಳಿ.

ಪ್ರಶ್ನೆ ಕೇಳಿದವರು: ಕೆಲಸದ ಮೇಜು ಮಲಗುವ ಕೋಣೆಯಲ್ಲೇ ಇದೆ. ಬೇರೆ ಜಾಗ ಇಲ್ಲ.

ಉತ್ತರ 2: ಹಾಸಿಗೆಗೆ ಬೆನ್ನು ಬರೋ ಹಾಗೆ ತಿರುಗಿಸಿ. ಕೆಲಸ ಮುಗಿದ ಮೇಲೆ ಲ್ಯಾಪ್‌ಟಾಪ್ ಬೀರುವಿನೊಳಗೆ.