ಅಪ್‌ಡೇಟ್: ಅಪ್ಪನ ರೇಷನ್ ಅಂಗಡಿ ಲೈಸೆನ್ಸ್ ರದ್ದಾದ ವಿಷಯ

ನೋಟಿಸ್ ಕೊಡದೆ ಅಪ್ಪನ ನ್ಯಾಯಬೆಲೆ ಅಂಗಡಿ ಲೈಸೆನ್ಸ್ ರದ್ದು ಮಾಡಿದ್ದಾರೆ, ಏನು ಮಾಡೋದು ಅಂತ ಕೇಳಿದ್ದೆ ಅಲ್ವಾ? ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟ್‌ಗೆ ರಿಟ್ ಅರ್ಜಿ (ಸರ್ಕಾರಿ ಆದೇಶವನ್ನು ನೇರ ಹೈಕೋರ್ಟ್‌ನಲ್ಲಿ ಪ್ರಶ್ನಿಸೋ ಅರ್ಜಿ) ಹಾಕಿದೆವು. ಮೇಲಧಿಕಾರಿಗೆ ಮೇಲ್ಮನವಿ ಹಾಕೋದು ಬಿಟ್ಟು ನೇರ ಕೋರ್ಟ್‌ಗೆ ಯಾಕೆ ಬಂದಿರಿ ಅಂತ ಸರ್ಕಾರಿ ವಕೀಲರು ತಕರಾರು ತೆಗೆದರು. ಅಹವಾಲನ್ನೇ ಕೇಳದೆ ಮಾಡಿದ ಆದೇಶಕ್ಕೆ ಆ ಅಡ್ಡಿ ಇಲ್ಲ ಅಂದಿತು ಕೋರ್ಟ್. ಆದೇಶ ರದ್ದಾಯಿತು!

ಆದರೆ ಅಪ್ಪನ ಮೇಲಿದ್ದ ಆರೋಪ, ಅಂದರೆ ತೂಕದಲ್ಲಿ ಅಕ್ಕಿ ಕಡಿಮೆ ಇತ್ತಾ ಇಲ್ವಾ ಅನ್ನೋದನ್ನು ಕೋರ್ಟ್ ನೋಡಲಿಲ್ಲ. ಅಧಿಕಾರಿ ತೀರ್ಮಾನಕ್ಕೆ ಬಂದ ದಾರಿ ಸರಿಯಿತ್ತಾ, ಅಷ್ಟೇ ನೋಡಿತು. ತನಿಖಾ ವರದಿಯ ಪ್ರತಿ ಕೊಟ್ಟು ಹೊಸದಾಗಿ ವಿಚಾರಣೆ ಮಾಡಿ ಅಂತ ವಾಪಸ್ ಕಳಿಸಿದೆ. ಹಾಗಾಗಿ ಕೇಸ್ ಇನ್ನೂ ಮುಗಿದಿಲ್ಲ. ಅಪ್ಪ ಸ್ಟಾಕ್ ಪುಸ್ತಕ, ಬಿಲ್‌ಗಳನ್ನೆಲ್ಲ ಜೋಡಿಸುತ್ತಿದ್ದಾರೆ. ಮಹಜರಿನ (ತಪಾಸಣೆ ವೇಳೆ ಸ್ಥಳದಲ್ಲೇ ಬರೆದ ದಾಖಲೆ) ಪ್ರತಿ ಮೊದಲು ಕೇಳಿ ಅಂತ ಇಲ್ಲಿ ಸಲಹೆ ಕೊಟ್ಟ ಅಣ್ಣನಿಗೆ ತುಂಬಾ ಥ್ಯಾಂಕ್ಸ್.