ಒಂದೇ ಕಡಲಹುಳುವಿಗೆ ಎರಡು ಹೆಸರು, ಯಾವುದು ಸರಿ?

ಮಸ್ಕತ್_ಮುಳುಗ

ಎಲ್ಲರಿಗೂ ನಮಸ್ಕಾರ. ನನ್ನ ಊರು ಕುಂದಾಪುರದ ಹತ್ತಿರ, ಕೆಲಸ ಮಸ್ಕತ್‌ನಲ್ಲಿ. ಎರಡು ವರ್ಷದಿಂದ ಡೈವಿಂಗ್ ಹುಚ್ಚು ಹಿಡಿದಿದೆ. ಹೋದ ಶುಕ್ರವಾರ ದಯ್ಮಾನಿಯಾತ್ ದ್ವೀಪಗಳ ಹತ್ತಿರ ನೀರಿಗಿಳಿದಾಗ ಬಂಡೆಯ ಪಕ್ಕದಲ್ಲಿ ಒಂದು ಹುಳು ಕಂಡಿತು. ಬಸವನಹುಳುವಿನ ಜಾತಿಯೇ, ಆದರೆ ಚಿಪ್ಪಿಲ್ಲ. ಕಿರುಬೆರಳಿನಷ್ಟು ಉದ್ದ. ಹಾಲುಬಿಳಿ ಮೈ, ತುಂಬಾ ಅರಿಸಿನದ ಚುಕ್ಕೆ, ಅದರ ಮೇಲೆ ನೇರಳೆ ಬಣ್ಣದ ಎರಡು ಉಂಗುರ. ಒಂದು ಉಂಗುರ ತಲೆ ಮೇಲಿನ ಎರಡು ಕೊಂಬಿನ ಸುತ್ತ, ಇನ್ನೊಂದು ಹಿಂದೆ ಹೂವಿನ ಹಾಗೆ ಅರಳಿರುವ ಕಿವಿರಿನ ಸುತ್ತ. ಯಾರೋ ಮಕ್ಕಳು ಸ್ಕೆಚ್ ಪೆನ್ನಲ್ಲಿ ಸೊನ್ನೆ ಸುತ್ತಿದ ಹಾಗಿದೆ.

ಈಗ ತಕರಾರು ಏನಂದರೆ, ದೋಣಿಯಲ್ಲಿದ್ದ ಹಳೆಯ ಗೈಡ್ ಪುಸ್ತಕದಲ್ಲಿ ಇದರ ಹೆಸರು ಕ್ರೋಮೊಡೋರಿಸ್ ಆನ್ಯುಲಾಟಾ ಅಂತಿದೆ. ಫೋನಿನ ಆ್ಯಪ್ ಗೋನಿಯೋಬ್ರಾಂಕಸ್ ಆನ್ಯುಲಾಟಸ್ ಅನ್ನುತ್ತದೆ, ಮುಂದೆ ಬ್ರಾಕೆಟ್‌ನಲ್ಲಿ (ಎಲಿಯಟ್, 1904) ಅಂತ ಬೇರೆ ಹಾಕಿದೆ. ಪುಸ್ತಕವೇ ಸರಿ ಅಂತ ನಾನು, ಆ್ಯಪ್ ಸರಿ ಅಂತ ರೂಮಿನ ಮಲಯಾಳಿ ಗೆಳೆಯ. ಬಿರಿಯಾನಿ ಬೆಟ್ ಆಗಿದೆ. ಮೊದಲ ಹೆಸರು ಬದಲಾಯಿತು ಅಂತಲೇ ಇಟ್ಟುಕೊಳ್ಳೋಣ, ಎರಡನೆಯದರ ಬಾಲ ಯಾಕೆ ‘ಟಾ’ದಿಂದ ‘ಟಸ್’ ಆಯಿತು? ಆ ಬ್ರಾಕೆಟ್ ಯಾಕೆ? ಗೊತ್ತಿದ್ದವರು ಹೇಳಿ.

ಕಡಲಂಚು

ಬಿರಿಯಾನಿ ನೀವೇ ಕೊಡಿಸಬೇಕು ಮಾರಾಯ್ರೆ. ಆದರೆ ಪುಸ್ತಕದ ತಪ್ಪೂ ಇಲ್ಲ, ಅದು ಅಚ್ಚಾದಾಗ ಅದೇ ಸರಿ ಹೆಸರಾಗಿತ್ತು. (ಕಾರವಾರದಲ್ಲಿ ಸಾಗರ ಜೀವಶಾಸ್ತ್ರ ಓದಿದವನು ನಾನು. ಈಗ ಮಾಡುವ ಕೆಲಸಕ್ಕೂ ಅದಕ್ಕೂ ಸಂಬಂಧ ಇಲ್ಲ, ಆದರೂ ಇಂಥ ಪ್ರಶ್ನೆ ಕಂಡರೆ ಕೈ ತುರಿಸುತ್ತದೆ.)

ನೀವು ನೋಡಿದ್ದು ನ್ಯೂಡಿಬ್ರಾಂಕ್. ಅಂದರೆ ‘ಬೆತ್ತಲೆ ಕಿವಿರು’. ಚಿಪ್ಪಿಲ್ಲದ್ದರಿಂದ ಕಿವಿರು ಹೊರಗೇ ಇರುತ್ತದೆ, ನೀವು ಹೂವು ಅಂದಿದ್ದು ಅದನ್ನೇ.

ಹೆಸರಿನಲ್ಲಿ ಮೊದಲ ಪದ ಕುಲ, ಎರಡನೆಯದು ಪ್ರಭೇದ. ಮೊದಲಿನದು ಮನೆತನದ ಹೆಸರು ಇದ್ದ ಹಾಗೆ, ಎರಡನೆಯದು ಹುಟ್ಟಿದಾಗ ಇಟ್ಟ ಹೆಸರು. 1904ರಲ್ಲಿ ಎಲಿಯಟ್ ಎಂಬವರು ಪೂರ್ವ ಆಫ್ರಿಕಾ, ಜಾಂಜಿಬಾರ್ ಕಡೆಯ ನ್ಯೂಡಿಬ್ರಾಂಕ್‌ಗಳ ಬಗ್ಗೆ ಬರೆದಾಗ ಇದಕ್ಕೆ ಕ್ರೋಮೊಡೋರಿಸ್ ಆನ್ಯುಲಾಟಾ ಅಂತ ಹೆಸರಿಟ್ಟರು. ಆನ್ಯುಲಾಟಾ ಅಂದರೆ ಉಂಗುರವುಳ್ಳದ್ದು. ಕ್ರೋಮೊಡೋರಿಸ್ ಕುಲ ಅದಕ್ಕೂ ಮೊದಲೇ, 1855ರಿಂದ ಇತ್ತು. ಬಣ್ಣಬಣ್ಣದ್ದು ಏನು ಸಿಕ್ಕರೂ ಅದರೊಳಗೆ ತುಂಬುತ್ತಾ ಹೋದರು, ನಮ್ಮ ಮನೆಗಳ ಅಟ್ಟದ ಹಾಗೆ. 2012ರಲ್ಲಿ ಕ್ಯಾಲಿಫೋರ್ನಿಯಾ ಅಕಾಡೆಮಿ ಆಫ್ ಸೈನ್ಸಸ್‌ನ ಜಾನ್ಸನ್ ಮತ್ತು ಗಾಸ್ಲಿನರ್ ಇವುಗಳ ಡಿಎನ್‌ಎ ಹೋಲಿಸಿ ನೋಡಿದರು. ಒಂದೇ ಮನೆತನ ಅಂದುಕೊಂಡಿದ್ದವು ಒಂದೇ ಮನೆತನವಲ್ಲ ಎಂದು ಗೊತ್ತಾಯಿತು. ಕ್ರೋಮೊಡೋರಿಸ್ ಒಡೆದು ಪಾಲಾಯಿತು. ಅಟ್ಲಾಂಟಿಕ್ ಕಡೆಯವು ಬೇರೆ ಕುಲಕ್ಕೆ ಹೋದವು, ನಿಮ್ಮ ಉಂಗುರದ ಹುಳುವಿನಂಥವು ಗೋನಿಯೋಬ್ರಾಂಕಸ್‌ಗೆ ಬಂದವು, ಮೈಮೇಲೆ ಕಪ್ಪು ಗೆರೆ ಇರುವ ನೀಲಿ ಹುಳುಗಳು ಹಳೇ ಮನೆಯಲ್ಲೇ ಉಳಿದವು.

ಇಲ್ಲಿ ನನಗೆ ತುಂಬಾ ಇಷ್ಟವಾದ ವಿಷಯ ಅಂದರೆ, ಗೋನಿಯೋಬ್ರಾಂಕಸ್ ಅವರು ಹೊಸದಾಗಿ ಕಟ್ಟಿದ ಹೆಸರಲ್ಲ. 1866ರಲ್ಲೇ ಪೀಸ್ ಎಂಬವರು ಇಟ್ಟಿದ್ದು, ಎಲ್ಲರೂ ಮರೆತು ಮೂಲೆಗೆ ಹಾಕಿದ್ದರು. ಆ ಗುಂಪಿನ ಯಾವುದಾದರೂ ಹುಳುವಿಗೆ ಹಳೆಯ ಕುಲದ ಹೆಸರು ಇದ್ದರೆ ಅದನ್ನೇ ಎಬ್ಬಿಸಬೇಕು, ಹೊಸದು ಇಡುವ ಹಾಗಿಲ್ಲ. ಮೊದಲು ಬಂದವರಿಗೆ ಮೊದಲು, ರೇಷನ್ ಅಂಗಡಿ ಕ್ಯೂ ಥರ.

ಇನ್ನು ಬಾಲ. ಲ್ಯಾಟಿನ್‌ನಲ್ಲಿ ಸಂಸ್ಕೃತದ ಹಾಗೆ ಪ್ರತಿ ನಾಮಪದಕ್ಕೂ ಲಿಂಗ ಇದೆ, ವಿಶೇಷಣ ಅದನ್ನೇ ಹಿಂಬಾಲಿಸಬೇಕು. ಡೋರಿಸ್ ಗ್ರೀಕರ ಕಡಲ ದೇವತೆ, ಹೆಣ್ಣು. ಹಾಗಾಗಿ ಆನ್ಯುಲಾಟಾ. ಬ್ರಾಂಕಸ್ ಗಂಡು. ಹಾಗಾಗಿ ಆನ್ಯುಲಾಟಸ್. ಹುಳು ಮಾತ್ರ ಎರಡೂ ಹೌದು, ನ್ಯೂಡಿಬ್ರಾಂಕ್‌ಗಳೆಲ್ಲ ಉಭಯಲಿಂಗಿಗಳು. ಅದಕ್ಕೆ ಈ ತಲೆನೋವಿಲ್ಲ.

ಬ್ರಾಕೆಟ್ ಹಾಕಿದ್ದರೆ ‘ಇವರು ಹೆಸರಿಟ್ಟಾಗ ಇದು ಬೇರೆ ಕುಲದಲ್ಲಿತ್ತು’ ಎಂದರ್ಥ. ಹೋಲಿಸಿ ನೋಡಿ: ‘ಕ್ರೋಮೊಡೋರಿಸ್ ಆನ್ನೇ ಬರ್ಗ್, 1877’. ಇಲ್ಲಿ ‘ಆನ್ನೇ’ ಪ್ರಭೇದ, ಬರ್ಗ್ ಹೆಸರಿಟ್ಟವರು. ಇದು ಮನೆ ಬದಲಾಯಿಸಿಲ್ಲ, ಬ್ರಾಕೆಟ್ ಇಲ್ಲ. ಎರಡು ಕಂಸದಲ್ಲಿ ಇಡೀ ಚರಿತ್ರೆ ಇದೆ. ಆದ್ದರಿಂದ ಫೋಟೋ ಹಾಕುವಾಗ ಆ ಹೆಸರು, ವರ್ಷ ಬಿಡಬೇಡಿ. ನಾಳೆ ಕುಲ ಮತ್ತೆ ಬದಲಾದರೂ ‘ಆನ್ಯುಲಾ-’, ಎಲಿಯಟ್, 1904 ಹಿಡಿದುಕೊಂಡು ಯಾರು ಬೇಕಾದರೂ ಹುಡುಕಬಹುದು.

ನೇರಮಾತು

ಓದಿದೆ. ಆದರೂ ನನಗೆ ಇದು ಕೆಲಸ ಇಲ್ಲದವರ ಕೆಲಸ ಅನ್ನಿಸುತ್ತೆ. ಹುಳು ಅದೇ, ಬಣ್ಣ ಅದೇ, ಉಂಗುರ ಎದ್ದು ಕಾಣ್ತಿದೆ. ನೋಡಿದ ತಕ್ಷಣ ಗುರುತು ಸಿಗುವ ಪ್ರಾಣಿಗೆ ಡಿಎನ್‌ಎ ಯಾಕೆ? ಸುಮ್ನೆ ‘ಉಂಗುರದ ಹುಳು’ ಅಂತ ಕನ್ನಡದಲ್ಲಿ ಕರೆದರೆ ಯಾರಿಗೂ ಗೊಂದಲ ಇರಲ್ಲ ಅಲ್ವಾ?

ಕಡಲಂಚು

ಉಂಗುರದ ಹುಳು ಅಂತ ಧಾರಾಳವಾಗಿ ಕರೆಯಿರಿ, ಚೆನ್ನಾಗೇ ಇದೆ. ಆದರೆ ‘ನೋಡಿದ ತಕ್ಷಣ ಗುರುತು’ ಅನ್ನೋದೇ ಈ ಹುಳುಗಳ ವಿಷಯದಲ್ಲಿ ಜಾಸ್ತಿ ಮೋಸ ಮಾಡಿದ್ದು.

ಮೊದಲನೆಯದು, ಈ ಬಣ್ಣ ನಿಲ್ಲುವುದಿಲ್ಲ. ಶಂಖ, ಕವಡೆಯಾದರೆ ಹುಳು ಸತ್ತರೂ ಚಿಪ್ಪು ಉಳಿಯುತ್ತದೆ, ಡಬ್ಬಿಯಲ್ಲಿಟ್ಟು ನೂರು ವರ್ಷ ನೋಡಬಹುದು. ನ್ಯೂಡಿಬ್ರಾಂಕ್‌ಗೆ ಮೈಯೇ ಎಲ್ಲ. ಸ್ಪಿರಿಟ್‌ನಲ್ಲಿ ಹಾಕಿಟ್ಟರೆ ನೇರಳೆ, ಹಳದಿ ಎಲ್ಲ ಮಾಯವಾಗಿ ಬೇಯಿಸಿದ ಮೊಟ್ಟೆಯ ಬಿಳಿಭಾಗದ ಹಾಗೆ ಮುದುರಿಕೊಂಡ ಒಂದು ತುಣುಕು ಉಳಿಯುತ್ತದೆ. ನಮ್ಮ ಕಾಲೇಜಿನಲ್ಲಿ ಅಂಥ ಬಾಟಲಿಗಳು ಇದ್ದವು, ಒಂದರ ಚೀಟಿಯಲ್ಲಿ ಯಾರೋ ‘ಕಡುನೀಲಿ’ ಅಂತ ಬರೆದಿದ್ದರು, ಒಳಗಿದ್ದದ್ದು ಚೂಯಿಂಗ್ ಗಮ್ ಥರ ಇತ್ತು. ಮೇಲೆ ಹೇಳಿದ ಬರ್ಗ್ ಇದ್ದಾರಲ್ಲ, ಅವರು ಕೋಪನ್‌ಹೇಗನ್‌ನಲ್ಲಿ ಲೈಂಗಿಕ ರೋಗಗಳ ಡಾಕ್ಟರು. ಎಲ್ಲೆಲ್ಲಿಂದಲೋ ಬಂದ ಇಂಥ ಬಣ್ಣಗೆಟ್ಟ ತುಣುಕುಗಳನ್ನು ಕೊಯ್ದು ನೋಡಿಯೇ ಎಷ್ಟೋ ಹುಳುಗಳಿಗೆ ಹೆಸರಿಟ್ಟರು. ಮುಖ್ಯವಾಗಿ ನೋಡುತ್ತಿದ್ದದ್ದು ನಾಲಿಗೆ ಮೇಲಿನ ಹಲ್ಲು. ಅರದ ಹಾಗೆ ಸಾಲು ಸಾಲಾಗಿ ಇರುತ್ತದೆ. ಅಂದರೆ ಕಡಲಲ್ಲೇ ಅತಿ ಚೆಂದದ ಪ್ರಾಣಿಗಳಲ್ಲಿ ಒಂದಕ್ಕೆ, ಅದರ ಚೆಂದವನ್ನು ಕಣ್ಣಲ್ಲಿ ನೋಡದವರು ಹಲ್ಲೆಣಿಸಿ ಹೆಸರಿಟ್ಟಿದ್ದಾರೆ.

ಎರಡನೆಯದು, ಬಣ್ಣ ಕಂಡರೂ ನಂಬುವ ಹಾಗಿಲ್ಲ. ವಿಷದ ಹುಳುವಿನ ವೇಷವನ್ನು ಬೇರೆ ಹುಳು ಹಾಕುತ್ತದೆ. ಒಂದೇ ಪ್ರಭೇದ ಬೇರೆ ಬೇರೆ ಕಡಲಲ್ಲಿ ಬೇರೆ ಅಂಗಿ ಹಾಕುತ್ತದೆ. ಹಿಪ್ಸೆಲೊಡೋರಿಸ್ ಇಬಾ ಅಂತ ಒಂದಿದೆ, ಕೆಲವು ನೇರಳೆ, ಕೆಲವು ಕೆನೆ ಬಣ್ಣ. ನೋಡಿದರೆ ಎರಡು ಬೇರೆ ಹುಳು ಅನ್ನಬೇಕು, ಆದರೆ ಎರಡೂ ಕೂಡುತ್ತಿರುವ ಫೋಟೋ ಸಿಕ್ಕಿತು, ಡಿಎನ್‌ಎಯೂ ಒಂದೇ ಅಂದಿತು. ‘ಇಬಾ’ ಅಂದರೆ ಫಿಲಿಪ್ಪೀನ್ಸ್‌ನ ಟಗಾಲೊಗ್ ಭಾಷೆಯಲ್ಲಿ ‘ಬೇರೆ’ ಅಂತ.

ಪೇಡೆನಗರಿ

ತಡವಾಗಿ ಬಂದೆ, ಆದರೆ ಒಂದು ಮಾತು ಹೇಳದೆ ಇರಲಿಕ್ಕೆ ಆಗುವುದಿಲ್ಲ. ಈ ನ್ಯೂಡಿಬ್ರಾಂಕ್ ಚರಿತ್ರೆಗೆ ನಮ್ಮ ಧಾರವಾಡದ ನಂಟಿದೆ ನೋಡ್ರಿ.

ಕಿತ್ತೂರಿನ ಕಥೆ ಎಲ್ಲರೂ ಶಾಲೆಯಲ್ಲಿ ಓದಿದ್ದೀರಿ. 1824ರಲ್ಲಿ ಥ್ಯಾಕರೆ ಸತ್ತ, ಇಬ್ಬರು ಇಂಗ್ಲಿಷ್ ಅಧಿಕಾರಿಗಳು ಚೆನ್ನಮ್ಮನ ಕೈಗೆ ಸೆರೆ ಸಿಕ್ಕರು. ಒಬ್ಬ ಸ್ಟೀವನ್‌ಸನ್, ಇನ್ನೊಬ್ಬ ವಾಲ್ಟರ್ ಎಲಿಯಟ್. ಆಗ ಅವನಿಗೆ 21 ವರ್ಷ. ಬಿಡುಗಡೆಯಾದ ಮೇಲೆ ಇದೇ ಸೀಮೆಯಲ್ಲಿ ವರ್ಷಗಟ್ಟಲೆ ಇದ್ದ, ಕನ್ನಡ ಕಲಿತ, ನೂರಾರು ಶಾಸನಗಳ ಪ್ರತಿ ಮಾಡಿಸಿದ. ಚಾಲುಕ್ಯರ ಚರಿತ್ರೆ ಓದುವವರಿಗೆ ಆ ಹೆಸರು ಗೊತ್ತು. 1845ರಿಂದ 1854ರವರೆಗೆ ಉತ್ತರ ಸರ್ಕಾರ್ ಜಿಲ್ಲೆಗಳ ಕಮಿಷನರ್ ಆಗಿದ್ದ. ಆಗ ವಿಶಾಖಪಟ್ಟಣದ ವಾಲ್ಟೇರ್ ದಂಡೆಯಲ್ಲಿ ಈ ಹುಳುಗಳನ್ನು ಕೂಡಿಸಲಿಕ್ಕೆ ಶುರು ಮಾಡಿದ. ಕಡಲಂಚು ಅವರು ಹೇಳಿದ ಬಣ್ಣದ ಫಜೀತಿ ಅವನಿಗೆ ಆಗಲೇ ಗೊತ್ತಿತ್ತು. ಹುಳು ಜೀವಂತ ಇರುವಾಗಲೇ ಅಲ್ಲಿಯ ಚಿತ್ರಗಾರರಿಂದ ಬಣ್ಣದ ಚಿತ್ರ ಬರೆಸಿ, ಹುಳು ಮತ್ತು ಚಿತ್ರ ಎರಡನ್ನೂ ಇಂಗ್ಲೆಂಡಿಗೆ ಕಳಿಸಿದ. ಅಲ್ಲಿ ಜೋಶುವಾ ಆಲ್ಡರ್, ಆಲ್ಬನಿ ಹ್ಯಾನ್‌ಕಾಕ್ ಅಂತ ಇಬ್ಬರು, ಕ್ರೋಮೊಡೋರಿಸ್ ಕುಲ ಮಾಡಿದವರು ಇವರೇ, 1864ರಲ್ಲಿ ಅವುಗಳಿಗೆ ಹೆಸರಿಟ್ಟರು. ಒಂದು ಕಳಿಂಗ ಆರ್ನಾಟಾ. ಸಾಕ್ಷಾತ್ ಕಳಿಂಗ ದೇಶದ ಹೆಸರೇ ಒಂದು ಕುಲದ ಹೆಸರು! ಇನ್ನೊಂದು ಡೋರಿಸ್ ಎಲಿಯಟಿ, ಅದು ಈಗ ಪ್ಲಾಟಿಡೋರಿಸ್ ಎಲಿಯಟಿ. ಅದಕ್ಕೂ ಬ್ರಾಕೆಟ್ ಬಂತು.

ಮೊದಲಿಗೆ ಪ್ರಶ್ನೆಯಲ್ಲಿ ‘ಎಲಿಯಟ್, 1904’ ಓದಿ ಇವನೇ ಅಂದುಕೊಂಡು ಕುಣಿದಾಡಿದೆ. ಆಮೇಲೆ ನೋಡಿದರೆ ವಾಲ್ಟರ್ ತೀರಿಕೊಂಡದ್ದೇ 1887ರಲ್ಲಿ. 1904ರವರು ಚಾರ್ಲ್ಸ್ ಎಲಿಯಟ್, ಬೇರೆ ಮನುಷ್ಯ. ಇಂಗ್ಲಿಷಿನಲ್ಲಿ ಒಬ್ಬರಿಗೆ ಎರಡು ಎಲ್, ಇನ್ನೊಬ್ಬರಿಗೆ ಒಂದೇ ಎಲ್. ಕನ್ನಡದಲ್ಲಿ ಬರೆದರೆ ಇಬ್ಬರೂ ಒಂದೇ. ಈ ಚಾರ್ಲ್ಸ್ ಆಗ ಪೂರ್ವ ಆಫ್ರಿಕಾದಲ್ಲಿ ಬ್ರಿಟಿಷ್ ಕಮಿಷನರ್, ಮುಂದೆ ಜಪಾನಿಗೆ ರಾಯಭಾರಿಯೂ ಆದವರು. ನಡುವೆ ಬಿಡುವು ಮಾಡಿಕೊಂಡು ಹುಳುಗಳಿಗೆ ಹೆಸರಿಡುತ್ತಿದ್ದರು. ಮಜಾ ಅಂದರೆ, ಆಲ್ಡರ್, ಹ್ಯಾನ್‌ಕಾಕ್ ಬಿಟ್ಟುಹೋದ ಸಂಗ್ರಹ ನ್ಯೂಕಾಸಲ್ ಮ್ಯೂಸಿಯಂನಲ್ಲಿತ್ತು, ಅದನ್ನು ಮತ್ತೆ ಬಿಚ್ಚಿ ನೋಡಿ ದಕ್ಷಿಣ ಭಾರತ, ಸಿಲೋನಿನ ನ್ಯೂಡಿಬ್ರಾಂಕ್‌ಗಳ ಬಗ್ಗೆ 1906ರಲ್ಲಿ ಬರೆದವರೂ ಇವರೇ. ಒಬ್ಬ ಎಲಿಯಟ್ ಕೂಡಿಸಿದ್ದನ್ನು ಇನ್ನೊಬ್ಬ ಎಲಿಯಟ್ ತಿದ್ದಿದರು.

ನೇರಮಾತು

ಕಿತ್ತೂರಿನಲ್ಲಿ ಸೆರೆ ಸಿಕ್ಕವನು ಕಡಲಹುಳು ಹಿಡೀತಿದ್ದ ಅಂತ ನಮ್ಮ ಮೇಷ್ಟ್ರು ಹೇಳೇ ಇರಲಿಲ್ಲ! ಸರಿ, ಕೆಲಸ ಇಲ್ಲದವರು ಅಂದಿದ್ದು ವಾಪಸ್ ತಗೊಂಡೆ. ಅವರಿಗೆ ಕೆಲಸ ಜಾಸ್ತಿಯೇ ಇತ್ತು.

ಚೌಕಾಬಾರ

ನನಗೆ ಡೈವಿಂಗ್ ಗೊತ್ತಿಲ್ಲ, ಕಡಲು ನೋಡುವುದೇ ವರ್ಷಕ್ಕೊಮ್ಮೆ. ಒಂದು ಡೌಟು. ನಮ್ಮ ಕವಡೆಯೂ ಬಸವನಹುಳುವಿನ ಚಿಪ್ಪೇ ಅಲ್ವಾ, ಅದಕ್ಕೂ ಹೀಗೆ ಹೆಸರು ಬದಲಾಗಿದೆಯಾ?

ಕಡಲಂಚು

ಒಳ್ಳೆ ಪ್ರಶ್ನೆ. ಬದಲಾಗಿದೆ. ಪ್ರಾಣಿಗಳ ಹೆಸರಿನ ಲೆಕ್ಕ ಶುರುವಾಗುವುದೇ ಲಿನೇಯಸ್‌ನ 1758ರ ಪುಸ್ತಕದಿಂದ, ಅದರಲ್ಲೇ ಕವಡೆ ಇದೆ. ಅಲ್ಲಿ ಸಿಪ್ರಿಯಾ ಮೊನೇಟಾ ಅಂತ ಇತ್ತು, ಈಗ ಮೊನೆಟೇರಿಯಾ ಮೊನೇಟಾ (ಲಿನೇಯಸ್, 1758). ಮೊನೇಟಾ ಅಂದರೆ ದುಡ್ಡು. ಮಾಲ್ಡೀವ್ಸ್‌ನಿಂದ ಹಡಗುಗಟ್ಟಲೆ ಬಂಗಾಳಕ್ಕೆ ಹೋಗಿ ಅಲ್ಲಿ ನಾಣ್ಯವಾಗಿ ಓಡಾಡಿದ್ದು ಇದೇ. ನಾವು ‘ಕವಡೆ ಕಾಸಿನ ಕಿಮ್ಮತ್ತಿಲ್ಲ’ ಅಂತ ಬೈಯುತ್ತೇವೆ, ಲ್ಯಾಟಿನ್‌ನಲ್ಲಿ ಅದರ ಹೆಸರೇ ದುಡ್ಡು.

ಜೊತೆಗೆ ಅದರ ತಮ್ಮನ ಹಾಗೆ ಇನ್ನೊಂದಿದೆ, ಮೊನೆಟೇರಿಯಾ ಆನ್ಯುಲಸ್. ಬೆನ್ನ ಮೇಲೆ ಚಿನ್ನದ ಬಣ್ಣದ ಉಂಗುರ ಇರುತ್ತದೆ. ಮಸ್ಕತ್_ಮುಳುಗ ಅವರೇ, ಬಾಲದ ಪ್ರಶ್ನೆ ಕೇಳಿದ್ದಿರಲ್ಲ, ಇದನ್ನು ನೋಡಿ. ಸಿಪ್ರಿಯಾ ಹೆಣ್ಣು, ಮೊನೆಟೇರಿಯಾ ಹೆಣ್ಣು, ಆದರೂ ಆನ್ಯುಲಸ್ ಹಾಗೇ ಉಳಿದಿದೆ, ಆನ್ಯುಲಾ ಆಗಲಿಲ್ಲ. ಯಾಕೆಂದರೆ ಆನ್ಯುಲಾಟಸ್ ‘ಉಂಗುರವುಳ್ಳ’ ಅನ್ನೋ ವಿಶೇಷಣ, ಆನ್ಯುಲಸ್ ‘ಉಂಗುರ’ ಅನ್ನೋ ನಾಮಪದ. ವಿಶೇಷಣ ಮಾತ್ರ ಕುಲದ ಜೊತೆ ಕುಣಿಯುತ್ತದೆ, ನಾಮಪದ ಯಾರ ಮಾತೂ ಕೇಳುವುದಿಲ್ಲ.

ಮಸ್ಕತ್_ಮುಳುಗ

ಬಿರಿಯಾನಿ ಕೊಡಿಸಿದೆ. ಕೊಡಿಸುವಾಗ ಕಿತ್ತೂರಿಂದ ಹಿಡಿದು ಕಥೆ ಹೇಳಿದ್ದಕ್ಕೆ ಅವನು ಪಾಪ ಅರ್ಧ ಬಿಲ್ ತಾನೇ ಕೊಟ್ಟ. ಫೋಟೋಗಳ ಹೆಸರೆಲ್ಲ ತಿದ್ದಿದ್ದೇನೆ, ಬ್ರಾಕೆಟ್ ಸಮೇತ. ಪುಸ್ತಕದ ಮಾರ್ಜಿನ್‌ನಲ್ಲೂ ಪೆನ್ಸಿಲ್‌ನಲ್ಲಿ ಬರೆದೆ, ಇಂಕಿನಲ್ಲಿ ಬರೆಯಲು ಧೈರ್ಯ ಬರಲಿಲ್ಲ.

ಚೌಕಾಬಾರ

ಅಜ್ಜಿಯ ಡಬ್ಬಿ ತೆಗೆದು ನೋಡಿದೆ. ನಾಲ್ಕು ಕವಡೆ. ಬೆನ್ನು ಸವೆದು ಹೋಗಿದೆ, ಆದರೂ ಕಿಟಕಿ ಹತ್ತಿರ ಹಿಡಿದರೆ ಗೊತ್ತಾಗುತ್ತೆ: ಮೂರು ಗೂನುಗೂನಾಗಿ ಹಳದಿ, ಅದು ಮೊನೇಟಾ. ನಾಲ್ಕನೆಯದು ಸ್ವಲ್ಪ ಉರುಟು, ಬೆನ್ನ ಮೇಲೆ ಮಸುಕಾದ ಉಂಗುರ. ‘ಅಜ್ಜಿ, ಇದೊಂದು ಬೇರೆ ಜಾತಿ ಕಣೆ’ ಅಂದೆ. ‘ಗೊತ್ತಿತ್ತು ಬಿಡು, ನಾನು ಬಾರ ಕೇಳಿದಾಗೆಲ್ಲ ಅದೊಂದೇ ಅಂಗಾತ ಬೀಳೋದು’ ಅಂದರು.