ಈ ವಾರದ ಸಮಸ್ಯೆ: ಮೂಗ ಹೇಳಿದ, ಕಿವುಡ ಕೇಳಿದ

ಸಮಸ್ಯೆ ಕೊಟ್ಟವರು:
ಆಟ ಇಷ್ಟೇ: ಅಸಂಬದ್ಧ ಅನ್ನಿಸುವ ಕೊನೆಯ ಸಾಲೊಂದನ್ನು ನಾನು ಕೊಡುತ್ತೇನೆ, ಅದು ಸಮಸ್ಯೆ. ಮೇಲಿನ ಸಾಲು ಬರೆದು ಅದಕ್ಕೆ ಅರ್ಥ ಬರಿಸುತ್ತೀರಿ, ಅದು ಪೂರಣ. ಈ ಸಲ ಒಂದು ಹಳೇ ರಸವಾದದ, ಅಂದರೆ ಬೇರೆ ಲೋಹವನ್ನು ಚಿನ್ನ ಮಾಡುವ ವಿದ್ಯೆಯ, ಓಲೆಗ್ರಂಥ ಸಿಕ್ಕಿದೆ ಅಂದುಕೊಳ್ಳಿ. ಸಿಕ್ಕಿಲ್ಲ, ನಾನೇ ಕಟ್ಟಿದ್ದು. ಹೆಸರು ‘ಮೌನಪುಟ’. ಪುಟ ಅಂದರೆ ಹಾಳೆಯೂ ಹೌದು, ಚಿನ್ನಕ್ಕೆ ಕೊಡುವ ಬೆಂಕಿಯೂ ಹೌದು. ಮಾತು ಬೆಳ್ಳಿ, ಮೌನ ಬಂಗಾರ ಅಂತೀವಲ್ಲ, ಹಾಗಾದರೆ ಆ ಬೆಳ್ಳಿಯನ್ನು ಬಂಗಾರ ಮಾಡೋದು ಹೇಗೆ ಅನ್ನುವುದೇ ಗ್ರಂಥದ ವಿಷಯ. ಮಾತನ್ನು ಮೂಸೆಗೆ (ಲೋಹ ಕರಗಿಸುವ ಪಾತ್ರೆಗೆ) ಹಾಕು, ಬಾಯಿ ಮುಚ್ಚು, ಪುಟ ಕೊಡು. ಇಷ್ಟೇ ವಿಧಾನ. ಕೊನೆಯ ಓಲೆಯಲ್ಲಿ ಒಂದೇ ಸಾಲು ಉಳಿದಿದೆ:

*ಮೂಗನೊರೆದುದ ಕಿವುಡನಾಲಿಸಿ ಹೊನ್ನ ಮಾಡಿದನು*

ಆರು ಸಾಲಿನ ಪದ್ಯವಾದ ಭಾಮಿನಿ ಷಟ್ಪದಿಯ ಆರನೇ ಸಾಲು ಇದು. ಮೇಲಿನ ಐದು ನಿಮ್ಮವು. ಮೂರು ಮಾತ್ರೆಯ ಗಣ, ನಾಲ್ಕು ಮಾತ್ರೆಯ ಗಣ, ಈ ನಡಿಗೆ ತಪ್ಪಬಾರದು. (ಮಾತ್ರೆ ಅಂದರೆ ಉಚ್ಚಾರದ ಕಾಲ: ಲಘು ಅಕ್ಷರಕ್ಕೆ ಒಂದು, ಎಳೆದ ಅಥವಾ ಒತ್ತಕ್ಷರದ ಹಿಂದಿನ ಗುರುವಿಗೆ ಎರಡು. ಗಣ ಅಂದರೆ ಮಾತ್ರೆಗಳ ಗುಂಪು.) ಪ್ರಾಸ ‘ಗ’, ಅಂದರೆ ಪ್ರತಿ ಸಾಲಿನ ಎರಡನೇ ಅಕ್ಷರ; ಹಿಂದಿನ ಅಕ್ಷರ ದೀರ್ಘ.

ಮೊದಲ ಪೂರಣ:
ಗ್ರಂಥ ಅಂದಮೇಲೆ ಓಲೆಯಿಂದಲೇ ಶುರು ಮಾಡಿದೆ ಸರ್.

*ಜೋಗಿ ಕಟ್ಟಿದ ತಾಳೆಗರಿಯೊಳು*
*ಸಾಗಿ ಕಂಟದ ಮೊನೆಯು ಗೀರಿದ*
*ಕೂಗದಕ್ಷರವೆಲ್ಲ ಮಸಿಯಿಲ್ಲದೆಯೆ ಮಲಗಿರಲು*
*ಬೀಗ ತೆರೆವೊಲು ಮಸಿಯ ಬಳಿದೊಡೆ*
*ಬಾಗಿ ಕಣ್ಣೇ ಕಿವಿಯದಾಯಿತು*
*ಮೂಗನೊರೆದುದ ಕಿವುಡನಾಲಿಸಿ ಹೊನ್ನ ಮಾಡಿದನು*

ಮೂಗ ಅಂದರೆ ಓಲೆ, ಕಿವುಡ ಅಂದರೆ ಕಣ್ಣು. ತಾಳೆಗರಿಯ ಮೇಲೆ ಕಂಟದಿಂದ, ಅಂದರೆ ಚೂಪು ಮೊನೆಯ ಲೇಖನಿಯಿಂದ, ಬರೆದದ್ದು ಬರೀ ಗೀರು. ಗರಿಯನ್ನು ಸುಮ್ನೆ ಹಿಡಿದು ನೋಡಿದರೆ ಅಕ್ಷರ ಸರಿಯಾಗಿ ಕಾಣುವುದಿಲ್ಲ. ದೀಪದ ಮಸಿಯನ್ನು ಎಣ್ಣೆಯಲ್ಲಿ ಕಲಸಿ ತಿಕ್ಕಿ ಒರೆಸಬೇಕು. ಆಗ ಮಸಿ ಗೀರಿನೊಳಗೆ ಮಾತ್ರ ನಿಲ್ಲುತ್ತದೆ, ಅಕ್ಷರ ಏಳುತ್ತದೆ. ಮುಖಕ್ಕೆ ಮಸಿ ಬಳಿದರೆ ಅವಮಾನ, ಓಲೆಗೆ ಬಳಿದರೆ ಮಾತು ಬರುತ್ತೆ!

ಸಮಸ್ಯೆ ಕೊಟ್ಟವರು:
‘ಕೂಗದಕ್ಷರ’ ತುಂಬ ಹಿಡಿಸಿತು. ಮೈಸೂರಿನ ಪ್ರಾಚ್ಯ ಗ್ರಂಥಾಲಯದಲ್ಲಿ ವಿದ್ವಾಂಸ ಶಾಮಾಶಾಸ್ತ್ರಿಗಳ ಕೈಗೆ ಕೌಟಿಲ್ಯನ ಅರ್ಥಶಾಸ್ತ್ರದ ಓಲೆ ಬಂದದ್ದು 1905ರಲ್ಲಿ, ಅಚ್ಚಾದದ್ದು 1909ರಲ್ಲಿ. ಅಲ್ಲಿವರೆಗೆ ಅದೂ ಮೂಗನೇ ಅಲ್ವಾ?

ಎರಡನೇ ಪೂರಣ:
ಓಲೆ ಸರಿ, ಆದರೆ ರಸವಾದ ಎಲ್ಲಿ ಹೋಯಿತು? ಒಲೆ ಹಚ್ಚದೆ ಹೊನ್ನು ಬರುತ್ತದೆಯೇ?

*ಬೇಗೆಯೊಳು ಕುದಿವಾಗ ಪಾರದ*
*ಹೋಗದಿರಲೆಂದೊಡನೆ ಬಾಯಿಗೆ*
*ಬೀಗವಿಕ್ಕಿದ ಮೂಸೆ ಮೂಗನು, ತಿದಿಯ ಸದ್ದಿನಲಿ*
*ಜೋಗಿಗೇನೂ ಕೇಳದಿದ್ದರು*
*ಮಾಗಿದುದ ಬಣ್ಣದಲೆ ತಿಳಿದನು*
*ಮೂಗನೊರೆದುದ ಕಿವುಡನಾಲಿಸಿ ಹೊನ್ನ ಮಾಡಿದನು*

ತಿದಿ ಅಂದರೆ ಒಲೆಗೆ ಗಾಳಿ ಊದುವ ಚೀಲ, ಪಾರದ ಅಂದರೆ ಪಾದರಸ. ಅದು ಕುದಿಯುವುದು ಸುಮಾರು 357 ಡಿಗ್ರಿ ಸೆಲ್ಸಿಯಸ್‌ನಲ್ಲಿ. ಮೂಸೆಯ ಬಾಯಿ ತೆರೆದಿದ್ದರೆ ಪೂರ್ತಿ ಆವಿಯಾಗಿ ಹೋಗುತ್ತದೆ. ಅದಕ್ಕೇ ಮಣ್ಣು ಮೆತ್ತಿದ ಬಟ್ಟೆ ಸುತ್ತಿ ಬಾಯಿ ಮುಚ್ಚುತ್ತಿದ್ದರು. ಬಾಯಿ ಬಿಟ್ಟರೆ ರಸ ಹಾರಿಹೋಗುತ್ತದೆ! ಇದು ನಮ್ಮ ಪದ್ಯಗಳಿಗೂ ಹೊಂದುತ್ತೆ ಬಿಡಿ. ರಸಶಾಸ್ತ್ರದಲ್ಲಿ ಪಾದರಸಕ್ಕೆ ಹದಿನೆಂಟು ಸಂಸ್ಕಾರ, ಅಂದರೆ ಹದಮಾಡುವ ಹಂತ, ಹೇಳುತ್ತಾರೆ. ಏಳನೆಯದು ನಿಯಮನ, ಅದರ ಚಪಲ ಕಳೆಯುವುದು. ನಿಮ್ಮ ಮೌನದ ಗ್ರಂಥ ನಿಜಕ್ಕೂ ಇದ್ದಿದ್ದರೆ ಆ ಏಳನೆಯದರಲ್ಲೇ ಮುಗಿದುಹೋಗುತ್ತಿತ್ತು. (ಯಾರೂ ಮನೆಯಲ್ಲಿ ಮಾಡಿ ನೋಡಬೇಡಿ. ಆ ಆವಿ ವಿಷ.)

ಮೊದಲ ಪೂರಣದವರು:
ಜೋಗಿ, ಬೀಗ ಎರಡೂ ನನ್ನ ಪದ್ಯದಿಂದ ಕದ್ದಿರಿ ಸ್ವಾಮಿ.

ಎರಡನೇ ಪೂರಣದವರು:
‘ಗ’ ಪ್ರಾಸದ ಅಂಗಡಿಯಲ್ಲಿ ಸಾಮಾನು ಅಷ್ಟೇ ಇರೋದು. ನೀವು ಮೊದಲು ಹೋದಿರಿ.

ಹೊಸಬ:
ನನ್ನದು ಪೂರ್ತಿ ಆಗಿಲ್ಲ. ‘ಒರೆ’ ಅಂದರೆ ಹೇಳು ಅಂತ ಮಾತ್ರ ಅಲ್ಲ, ಉಜ್ಜು ಅಂತಲೂ ಇದೆ. ಹಾಗಾದರೆ ಮೂಗ ಅಂದರೆ ಒರೆಗಲ್ಲು! ಬಾಯಿಲ್ಲದ ಕಲ್ಲು, ಆದರೆ ಚಿನ್ನ ನಿಜವೋ ಸುಳ್ಳೋ ಹೇಳಿಬಿಡುತ್ತೆ. ಒಂದು ಸಾಲು ಬರೆದಿದ್ದೇನೆ, ಬೈಯಬೇಡಿ:

*ಹೀಗೆ ಸುವರ್ಣ ಗೆರೆಯು ಮೂಡಲು*

ಸಮಸ್ಯೆ ಕೊಟ್ಟವರು:
ಬೈಯುವುದೆಲ್ಲಿಂದ ಬಂತು, ಹೊಳಹು ಎಲ್ಲರಿಗಿಂತ ಚೆನ್ನಾಗಿದೆ. ಮಾತ್ರೆಯ ಲೆಕ್ಕವೂ ಸರಿ. ಆದರೆ ‘ಸುವರ್ಣ’ದಲ್ಲಿ ಮೊದಲು ಲಘು, ಆಮೇಲೆ ಗುರು. ಗಣ ಹಾಗೆ ಶುರುವಾದರೆ ಕಾಲು ಎಡವುತ್ತದೆ. ಗಟ್ಟಿಯಾಗಿ ಹಾಡಿ ನೋಡಿ, ಗೊತ್ತಾಗುತ್ತೆ. ‘ಹೀಗೆ ಚಿನ್ನದ ಗೆರೆಯು ಮೂಡಲು’ ಅನ್ನಿ. ಉಳಿದ ನಾಲ್ಕು ಸಾಲು ನೀವೇ ಬರೆಯಬೇಕು.

ಹೊಸಬ:
ಹಾಡಿದೆ. ಎಡವಿದೆ. ಬರೆಯುತ್ತೇನೆ ಸರ್.

ಅಕ್ಕ:
ಮೂರು ದಿನದಿಂದ ಓದುತ್ತಿದ್ದೆ. ಮೂಗ, ಕಿವುಡ ಅಂತ ಬರೆದದ್ದು ನೋಡಿ ಮೊದಲು ಸ್ವಲ್ಪ ಮುಜುಗರವಾಯಿತು. ಎಲ್ಲರೂ ಆ ಇಬ್ಬರನ್ನು ಓಲೆ, ಮೂಸೆ, ಕಲ್ಲು ಮಾಡಿಬಿಟ್ಟಿರಿ. ಮನುಷ್ಯರನ್ನಾಗಿ ಯಾರೂ ನೋಡಲಿಲ್ಲ.

ನಾನು ಚಿಕ್ಕವಳಿದ್ದಾಗ ನಮ್ಮ ಬೀದಿಯ ಅಕ್ಕಸಾಲಿಗೆ ಕಿವಿ ಕೇಳುತ್ತಿರಲಿಲ್ಲ. ಅಂಗಡಿಯಲ್ಲಿ ಯಾರೂ ಕೂಗುತ್ತಿರಲಿಲ್ಲ, ಎಲ್ಲ ಕೈಯಲ್ಲೇ. ಒಂದು ಸಲ ಮಾತು ಬಾರದವರೊಬ್ಬರು ಮಗಳ ತಾಳಿ ಮಾಡಿಸಲು ಬಂದರು. ಮಿಕ್ಕ ಗಿರಾಕಿಗಳಿಗೆ ಅರ್ಧ ಗಂಟೆ ಬೇಕಾಗುತ್ತಿದ್ದ ಮಾತು ಅವರಿಬ್ಬರ ನಡುವೆ ಐದೇ ನಿಮಿಷದಲ್ಲಿ ಮುಗಿಯಿತು. ನಾನು ಅಲ್ಲೇ ಬೆಂಚಿನ ಮೇಲೆ ಕೂತಿದ್ದೆ, ಓಲೆ ಮುರಿದಿತ್ತು ಅಂತ. (ಕಿವಿಯ ಓಲೆ. ನಿಮ್ಮ ಓಲೆ ಅಲ್ಲ.)

*ಬೇಗ ಬಂದಿತು ಮಗಳ ಮದುವೆಯು*
*ಸಾಗಿ ಬಂದನು ಮೂಗ ತಂದೆಯು*
*ಬಾಗಿಲಲಿ ಬೆರಳಿಂದ ತೋರಿದ ಕೊರಳ ತಾಳಿಯನು*
*ಕೂಗಲಿಲ್ಲವು ಕೇಳಲಿಲ್ಲವು*
*ತೂಗಿ ಕಣ್ಣಾಲಿಯಲೆ ಮಾತನು*
*ಮೂಗನೊರೆದುದ ಕಿವುಡನಾಲಿಸಿ ಹೊನ್ನ ಮಾಡಿದನು*

ಎರಡನೇ ಪೂರಣದವರು:
ಕಣ್ಣಾಲಿಯಿಂದ ಆಲಿಸುವುದು! ‘ಆಲಿಸಿ’ಯೊಳಗೆ ಆಲಿ ಕೂತಿರುವುದು ನನಗೆ ಹೊಳೆಯಲೇ ಇಲ್ಲ. ಅದನ್ನು ತೂಕಕ್ಕೆ ಬೇರೆ ಹಾಕಿದಿರಿ. ನನ್ನ ಮೂಸೆ ಒಡೆಯಿತು ಅಕ್ಕ.

ಸಮಸ್ಯೆ ಕೊಟ್ಟವರು:
ಅಸಂಬದ್ಧ ಸಾಲು ಕೊಟ್ಟೆ ಅಂತ ಬೀಗುತ್ತಿದ್ದೆ. ಅದರಲ್ಲಿ ಅಸಂಬದ್ಧ ಏನೂ ಇರಲಿಲ್ಲ. ‘ಮೌನಪುಟ’ವನ್ನು ದಾರ ಕಟ್ಟಿ ಅಟ್ಟಕ್ಕೆ ಹಾಕಿದೆ. ಮುಂದಿನ ವಾರದ ಸಮಸ್ಯೆ ನಿಮ್ಮದು.

ಅಕ್ಕ:
ನಾಲ್ಕು ಸಾಲಿನ ಕಂದಪದ್ಯ ಕೊಡುತ್ತೇನೆ. ಜೋಗಿಯೂ ಬೀಗವೂ ಹೊಂದದ ಪ್ರಾಸ ಹುಡುಕುತ್ತಿದ್ದೇನೆ.